ಊಟ ಆಯ್ತಾ ಎಂದು ಕೇಳಿದವನು

ದೋಣಿ ಹತ್ತೂವರೆಗೆ ಸರಿಯಾಗಿ ಹೊರಡುತ್ತದೆ ಎಂದು ಟಿಕೆಟ್ಟಿನ ಮೇಲೆ ಅಚ್ಚಾಗಿತ್ತು. ಹನ್ನೊಂದು ಗಂಟೆ ಹತ್ತು ನಿಮಿಷಕ್ಕೆ ಹೊರಟಿತು. ಅದೇ ಟಿಕೆಟ್ಟಿನ ಮೇಲೆ 'ಜಲವಿಹಾರ, ನಡುಗಡ್ಡೆ ದರ್ಶನ ಮತ್ತು ಬಾಳೆಲೆ ಊಟ' ಎಂದೂ ಇತ್ತು. ಮೂರರಲ್ಲಿ ಕೊನೆಯದನ್ನು ಮಾತ್ರ ಸಣ್ಣ ಅಕ್ಷರದಲ್ಲಿ ಹಾಕಿದ್ದರು. ನಾನು ಅಕ್ಷರದ ಗಾತ್ರವನ್ನೂ ಗಮನಿಸುವ ಮನುಷ್ಯ. ಬಿ.ಎಸ್ಸಿ.ಯಲ್ಲಿ ರಸಾಯನಶಾಸ್ತ್ರ ಓದಿ, ಊರಿನ ನೀರು ಸರಬರಾಜು ಕಚೇರಿಯ ಪ್ರಯೋಗಾಲಯದಲ್ಲಿ ಇಪ್ಪತ್ತಾರು ವರ್ಷದಿಂದ ನೀರು ಪರೀಕ್ಷೆ ಮಾಡುತ್ತಿದ್ದೇನೆ. ಸಣ್ಣದನ್ನು ನೋಡುವುದಕ್ಕೇ ನನಗೆ ಸಂಬಳ ಕೊಡುತ್ತಾರೆ.

ಆ ಭಾನುವಾರ ನಮ್ಮ ಮನೆಯಿಂದ ಮೂವರು ಹೋಗಿದ್ದೆವು. ನಾನು, ನನ್ನ ಅಣ್ಣ ದ್ಯಾವಣ್ಣ, ಅವನ ಹೆಂಡತಿ ಚಿಕ್ಕತಾಯಮ್ಮ. ಅಣ್ಣ ಬಸ್ ನಿಲ್ದಾಣದಲ್ಲಿ ಕಂಟ್ರೋಲರ್ ಆಗಿದ್ದು ನಿವೃತ್ತನಾದವನು. ಈಗಲೂ ಯಾವ ವಾಹನ ಕಂಡರೂ ಅದು ಎಷ್ಟು ನಿಮಿಷ ತಡ ಎಂದು ಹೇಳದಿದ್ದರೆ ಅವನಿಗೆ ಸಮಾಧಾನವಿಲ್ಲ. ಅತ್ತಿಗೆ ನಮ್ಮ ಮನೆಗೆ ಬಂದಾಗ ನನಗೆ ಎಂಟು ವರ್ಷ, ಈಗ ನಲವತ್ತೆಂಟು. ನನಗೆ ಮದುವೆಯಾಗಿಲ್ಲ, ಅದರ ಕಾರಣ ಈ ಕಥೆಗೆ ಬೇಕಾದದ್ದಲ್ಲ. ಅಣ್ಣ ಬಂದದ್ದು ಮೀನಿನ ಊಟಕ್ಕಾಗಿ. ನಾನು ಬಂದದ್ದು ಅತ್ತಿಗೆಗಾಗಿ. ಅತ್ತಿಗೆ ಬಂದದ್ದು ನಾವಿಬ್ಬರೂ ಬಾ ಎಂದೆವು ಎಂಬುದಕ್ಕಾಗಿ.

ನಮ್ಮೂರಿನವರಿಗೆ ಇದನ್ನು ಹೇಳಬೇಕಾಗಿಲ್ಲ, ಹೊರಗಿನವರಿಗಾಗಿ ಬರೆಯುತ್ತೇನೆ. ನಮ್ಮಲ್ಲಿ ಯಾರಾದರೂ 'ಊಟ ಆಯ್ತಾ?' ಎಂದು ಕೇಳಿ, ನೀವು 'ಆಯ್ತು' ಎಂದರೆ ಊಟ ಆಗಿಬಿಡುತ್ತದೆ. ಹೊಟ್ಟೆ ತುಂಬುತ್ತದೆ. ಏಳು ಸಲ ತಕ್ಕಡಿಯ ಮೇಲೆ ನಿಂತು ನೋಡಿದ್ದೇನೆ. ಹೇಳುವ ಮುಂಚಿಗಿಂತ ಹೇಳಿದ ಮೇಲೆ ಮುನ್ನೂರ ಎಂಬತ್ತು ಗ್ರಾಂ ಹೆಚ್ಚು. ನಾಲಿಗೆಗೆ ಮಾತ್ರ ಏನೂ ತಲುಪಿರುವುದಿಲ್ಲ. ಆಮೇಲೆ ಮುಂದಿನ ಹೊತ್ತಿನ ತನಕ ಒಂದು ಅಗುಳೂ ಗಂಟಲಲ್ಲಿ ಇಳಿಯುವುದಿಲ್ಲ. ತಾನಾಗಿ ಹೇಳಿಕೊಂಡರೆ ಏನೂ ಆಗದು, ಯಾರಾದರೂ ಕೇಳಿರಬೇಕು.

ಹೀಗಾಗಿ ನಮ್ಮೂರಲ್ಲಿ ಹಸಿದವರು ಯಾರೂ ಇಲ್ಲ. ನಗರಸಭೆಯವರು ಇದನ್ನು ಪ್ರತಿ ವರ್ಷ ತಮ್ಮ ಸಾಧನೆಯ ಪುಸ್ತಿಕೆಯಲ್ಲಿ ಅಚ್ಚು ಹಾಕಿಸುತ್ತಾರೆ. ಹೋಟೆಲುಗಳ ಗೋಡೆಯ ಮೇಲೆ 'ಇಲ್ಲಿ ಯಾರನ್ನೂ ಊಟದ ವಿಚಾರ ಕೇಳಬಾರದು' ಎಂಬ ಬೋರ್ಡು ಇರುತ್ತದೆ. ಮದುವೆ ಮಂಟಪಗಳಲ್ಲಿ ಇದರ ತದ್ವಿರುದ್ಧ: ಹೆಣ್ಣಿನ ಕಡೆಯವರು ಬಾಗಿಲಲ್ಲೇ ಕೈಮುಗಿದು ನಿಂತು, ಬಂದವರ ಕಣ್ಣಲ್ಲಿ ನೀರು ಬರುವಷ್ಟು ಪ್ರೀತಿಯಿಂದ 'ಊಟ ಆಯ್ತಾ?' ಎನ್ನುತ್ತಾರೆ. ವಕೀಲರು 'ನಿಮ್ದು?' ಎಂದು ತಿರುಗಿ ಕೇಳಿ ಬಚಾವಾಗುತ್ತಾರೆ; ಇಬ್ಬರು ವಕೀಲರು ಎದುರಾದರೆ ನಿಮ್ದು, ನಿಮ್ದು ಎನ್ನುತ್ತ ಕೋರ್ಟಿನ ಗೇಟಿನ ತನಕ ಹೋಗುತ್ತಾರೆ. ಮಧ್ಯಾಹ್ನ ಹನ್ನೆರಡರಿಂದ ಎರಡರ ತನಕ ಬೀದಿಯಲ್ಲಿ ನೆಂಟರು ಕಂಡರೆ ಜನ ರಸ್ತೆ ದಾಟಿ ಆಚೆ ಪಕ್ಕಕ್ಕೆ ಹೋಗುತ್ತಾರೆ. ಕೇಳದೇ ಇದ್ದುಬಿಡಬಹುದಲ್ಲ ಎಂದು ನೀವು ಅನ್ನಬಹುದು. ಎದುರಿಗೆ ಬಂದವರನ್ನು ಊಟ ಆಯ್ತಾ ಎಂದು ಕೇಳದಷ್ಟು ನಾವು ಕೆಟ್ಟಿಲ್ಲ. ಇಲ್ಲ ಎನ್ನಬಹುದಲ್ಲ ಎಂದೂ ಅನ್ನಬಹುದು. ಇಲ್ಲ ಎಂದರೆ, ಹಾಗಾದರೆ ನೀವು ಹಾಕಿ ಎಂದ ಹಾಗೆ. ಅಷ್ಟು ನಾಚಿಕೆಗೆಟ್ಟವರೂ ನಾವಲ್ಲ.

ಇನ್ನು ನನ್ನ ವಿಷಯ. ನಾನು ಒಳ್ಳೆಯ ಹುಡುಗನಾಗಿದ್ದೆ. ಉಂಡು ಎದ್ದ ಮೇಲೆ ಬಡಿಸಿದವರನ್ನು ಒಂದು ಮಾತು ಕೇಳಬೇಕು ಎಂದು ಅವ್ವ ಕಲಿಸಿದ್ದಳು. ಕೈ ತೊಳೆದು, ಟವೆಲ್ಲಿನಲ್ಲಿ ಒರೆಸಿಕೊಳ್ಳುತ್ತ, ಅಡುಗೆಮನೆಯ ಬಾಗಿಲಲ್ಲಿ ನಿಂತು ದಿನಕ್ಕೆ ಎರಡು ಹೊತ್ತು ಕೇಳುತ್ತಿದ್ದೆ: "ಅತ್ಗೆ, ನಿಮ್ದು ಊಟ ಆಯ್ತಾ?" ಅತ್ತಿಗೆ ಆಗ ತಾನೇ ತಟ್ಟೆ ಇಟ್ಟುಕೊಂಡು ಪಾತ್ರೆಯ ಮುಚ್ಚಳ ತೆಗೆಯುತ್ತಿರುತ್ತಿದ್ದರು. ಕೈ ನಿಲ್ಲಿಸಿ "ಆಯ್ತು ಕಣಪ್ಪ" ಎನ್ನುತ್ತಿದ್ದರು. ಮುಚ್ಚಳ ಮತ್ತೆ ಮುಚ್ಚಿಕೊಳ್ಳುತ್ತಿತ್ತು. ನನ್ನ ನಡತೆಯ ಬಗ್ಗೆ ನನಗೆ ಸಂತೋಷವಾಗಿ ನಾನು ಹೊರಗೆ ಬರುತ್ತಿದ್ದೆ. ಅಣ್ಣ ಎಂದೂ ಕೇಳಿದವನಲ್ಲ. ಹೆಂಡತಿ ಉಂಡಳೋ ಬಿಟ್ಟಳೋ ಎಂಬುದು ಅವನ ತಲೆಗೇ ಹೋಗುತ್ತಿರಲಿಲ್ಲ. ಆ ಮಟ್ಟಿಗೆ ಅವನು ನಿರಪರಾಧಿ. ನಾನು ಕಾಲೇಜಿಗೆಂದು ಬೇರೆ ಊರಿನ ಹಾಸ್ಟೆಲಿನಲ್ಲಿದ್ದ ಮೂರು ವರ್ಷ ಅವ್ವ ಕೇಳುತ್ತಿದ್ದಳಂತೆ. ನಮ್ಮ ಮನೆಯಲ್ಲಿ ಸಂಸ್ಕಾರಕ್ಕೆ ಒಂದು ದಿನದ ರಜೆಯೂ ಇರಲಿಲ್ಲ.

ಒಂದು ಲೀಟರ್ ನೀರಿನಲ್ಲಿ ಸಾಸಿವೆಯಷ್ಟೂ ಇಲ್ಲದ ಕಬ್ಬಿಣವನ್ನು ಹುಡುಕಿ ತೆಗೆಯುವ ನನಗೆ, ಆ ಮುಚ್ಚಳ ಕಂಡದ್ದು ಹೋದ ತಿಂಗಳು. ಅತ್ತಿಗೆ ಮೀನು ಸಾರು ಕುದಿಸುತ್ತಿದ್ದರು. ಸೌಟನ್ನು ನನ್ನ ಕಡೆ ಚಾಚಿ, "ಹುಳಿ ಸಾಕಾ ನೋಡಪ್ಪ" ಎಂದರು.

"ನೀವೇ ನೋಡಿ ಅತ್ಗೆ."

"ಬಡ್ಸೋಕ್ ಮುಂಚೆ ನಾನ್ ಬಾಯ್ಗಿಟ್ಕೊಂಡ್ರೆ ಎಂಜಲಾಗಲ್ವಾ?"

"ಮೊನ್ನೆ ಮಾಡಿದ್ದು ಹೆಂಗಿತ್ತೋ ಹಂಗೇ ಹಾಕಿ."

ಅವರು ಸೌಟನ್ನು ಕೆಳಗಿಟ್ಟರು. "ಮೊನ್ನೇದ್ ಹೆಂಗಿತ್ತು ಅಂತ ನಂಗೇನ್ ಗೊತ್ತು. ನಾನ್ ಮೀನ್ ಬಾಯ್ಗಿಟ್ಟಿದ್ದು ನಮ್ಮಪ್ಪನ್ ಮನೇಲಿ. ಅದ್ ಹೆಂಗಿತ್ತೋ, ಮರ್ತೋಗದೆ."

"ಮತ್ತೆ ಇಷ್ಟ್ ವರ್ಷ ಉಪ್ಪು ಹುಳಿ ಹೆಂಗ್ ಹಾಕ್ತಿದ್ರಿ?"

"ಕೈ ಅಳತೆ. ನಿಮ್ಮಣ್ಣ ಮುಖ ಸಿಂಡರಿಸಿದ್ರೆ ಮಾರ್ನೆ ದಿನ ಕಮ್ಮಿ ಮಾಡ್ತೀನಿ."

ಮರುದಿನ ಆಫೀಸಿನಲ್ಲಿ ಕೂತು ಗುಣಿಸಿದೆ. ಮೂವತ್ತೇಳು ವರ್ಷ, ದಿನಕ್ಕೆ ಎರಡು ಹೊತ್ತು: ಇಪ್ಪತ್ತೇಳು ಸಾವಿರದ ಹತ್ತು ಊಟ. ಅಧಿಕ ವರ್ಷದ ದಿನಗಳನ್ನು ಸೇರಿಸಿಲ್ಲ. ಅಷ್ಟು ಊಟವನ್ನು ಒಬ್ಬರ ಬಾಯಿಂದ ತಪ್ಪಿಸಲು ಬೇರೆಯವರಿಗಾದರೆ ದ್ವೇಷ ಬೇಕಾಗುತ್ತಿತ್ತು. ನನಗೆ ಒಳ್ಳೆಯ ನಡತೆಯೇ ಸಾಕಾಯಿತು.

ಕೇಳುವುದನ್ನು ನಿಲ್ಲಿಸಿದೆ. ಉಂಡು, ಕೈ ತೊಳೆದು, ತಲೆ ತಗ್ಗಿಸಿ ಅಡುಗೆಮನೆಯ ಬಾಗಿಲು ದಾಟಿ ಹೋಗುತ್ತಿದ್ದೆ. ಅತ್ತಿಗೆ ಮುಚ್ಚಳ ತೆಗೆಯುವಷ್ಟರಲ್ಲಿ ಪಕ್ಕದ ಮನೆಯ ಹೆಂಗಸು ಗೋಡೆಯ ಮೇಲಿಂದ ತಲೆ ಹಾಕಿ "ಅಕ್ಕಾ, ಊಟ ಆಯ್ತಾ?" ಎನ್ನುತ್ತಿದ್ದಳು. ನಾಲ್ಕನೆಯ ದಿನ ಅತ್ತಿಗೆ ನನ್ನ ರೂಮಿನ ಬಾಗಿಲಿಗೆ ಬಂದು ನಿಂತರು. ಕಣ್ಣು ಕೆಂಪಾಗಿತ್ತು. "ಯಾಕಪ್ಪ ನಂಜ, ಊಟ ಆಯ್ತಾ ಅಂತ ಕೇಳೋದೂ ಬಿಟ್ಬಿಟ್ಟೆ. ನಾನೇನ್ ತಪ್ ಮಾಡ್ದೆ?"

ಹಾಗಾಗಿ ನಡುಗಡ್ಡೆ. ಅಲ್ಲಿ ಬೇರೆಯವರು ಬೇಯಿಸುತ್ತಾರೆ, ಬೇರೆಯವರು ಬಡಿಸುತ್ತಾರೆ, ಅತ್ತಿಗೆ ಹೋಗಿ ಕೂತರೆ ಸಾಕು. ಒಂದೇ ಒಂದು ಊಟ ಅವರ ನಾಲಿಗೆಯ ಮೇಲೆ ಹಾದು ಹೋಗಬೇಕು, ಅಷ್ಟೇ ನನ್ನ ಯೋಜನೆ. ಇಪ್ಪತ್ತೇಳು ಸಾವಿರಕ್ಕೆ ಒಂದು. ಇದನ್ನು ಪ್ರಾಯಶ್ಚಿತ್ತ ಎಂದು ಕರೆಯಲು ಸ್ವಲ್ಪ ಧೈರ್ಯ ಬೇಕು, ನನಗೆ ಇತ್ತು.

ಅದಕ್ಕೆ ಮುಂಚೆ ಅವರಿಗೆ 'ಇಲ್ಲ' ಎನ್ನುವುದನ್ನು ಕಲಿಸಬೇಕಾಗಿತ್ತು. ಊಟದ ಪ್ರಶ್ನೆಯನ್ನೇ ಕೇಳಿ ಕಲಿಸುವಂತಿಲ್ಲ, ಪ್ರತಿ ತಪ್ಪಿಗೂ ಒಂದು ಊಟ ಹೋಗುತ್ತದೆ. ಬೇರೆ ಪ್ರಶ್ನೆಗಳನ್ನು ಆರಿಸಿಕೊಂಡು ಒಂದು ವಾರ ಅಭ್ಯಾಸ ಮಾಡಿಸಿದೆ.

"ಅತ್ಗೆ, ಕರೆಂಟ್ ಹೋಯ್ತಾ?"

"ಇಲ್ಲ."

"ಪೇಪರ್ ಬಂತಾ?"

"ಬಂತಲ್ಲ, ಅಲ್ಲೇ ಕುರ್ಚಿ ಮೇಲೆ..."

"ಇಲ್ಲ ಅನ್ನಿ."

"ಬಂದಿದ್ರೂ ಇಲ್ಲ ಅನ್ನದಾ? ಸುಳ್ ಹೇಳದಾ?"

"ನಿಮ್ಗೆ ಸುಸ್ತಾಯ್ತಾ?"

"ಇಲ್ಲ."

ಕೊನೆಯದನ್ನು ನಾನು ಲೆಕ್ಕಕ್ಕೆ ಹಿಡಿಯಲಿಲ್ಲ. ಅದಕ್ಕೆ ಅವರು ನಲವತ್ತು ವರ್ಷದಿಂದ ಇಲ್ಲ ಎಂದೇ ಹೇಳುತ್ತಿದ್ದರು.

ದೋಣಿಯಲ್ಲಿ ನಲವತ್ತೆರಡು ಸೀಟು, ಎಲ್ಲವೂ ತುಂಬಿದ್ದವು. ಮುಂದೆ ಮೈಕು ಹಿಡಿದು ಸಂಪಂಗಿ ಎಂಬ ಗೈಡು ನಿಂತಿದ್ದ. ಮೊದಲು ಬಲಗಡೆಗೆ ಕೈ ತೋರಿಸಿ ಆನೆ ಬಂಡೆಯನ್ನು ನೋಡಲು ಹೇಳಿದ. ಆನೆಯಂತೆ ಕಾಣಲು ಬಂಡೆ ತನ್ನ ಕೈಲಾದದ್ದನ್ನು ಮಾಡಿತ್ತು. ಉಳಿದದ್ದನ್ನು ಪ್ರಯಾಣಿಕರು ಮಾಡಬೇಕಾಗಿತ್ತು. ಆಮೇಲೆ ಎಡಗಡೆ 'ಐತಿಹಾಸಿಕ ಜಲಮಂದಿರ' ಬಂತು. ಅದು ನಾನು ಕೆಲಸ ಮಾಡುವ ಪಂಪ್‌ಹೌಸು. ನಮ್ಮ ಅಟೆಂಡರು ಕಿಟಕಿಯಲ್ಲಿ ಒಣಗಲು ಹಾಕಿದ್ದ ನೆಲ ಒರೆಸುವ ಬಟ್ಟೆಯ ಫೋಟೊವನ್ನು ಮೂವರು ತೆಗೆದುಕೊಂಡರು. ಮುಂದೆ ಒಂದು ಒಣಮರದ ಮೇಲೆ ಕೂತಿದ್ದ ನೀರುಕಾಗೆಗಳನ್ನು ಅಪರೂಪದ ವಿದೇಶಿ ಹಕ್ಕಿಗಳು ಎಂದು ಪರಿಚಯಿಸಲಾಯಿತು. ಅವು ರೆಕ್ಕೆ ಬಿಚ್ಚಿಕೊಂಡು ಸುಮ್ಮನೆ ಕೂತಿದ್ದವು. ಅವನ್ನು ಯಾರೂ ಏನೂ ಕೇಳುವುದಿಲ್ಲ.

"ನಲವತ್ತು ನಿಮಿಷ ಲೇಟು" ಎಂದ ಅಣ್ಣ. "ನಮ್ ಸ್ಟ್ಯಾಂಡಲ್ಲಾಗಿದ್ರೆ ಮೆಮೊ ಕೊಡ್ತಿದ್ದೆ."

ಅತ್ತಿಗೆ ಮೊದಲ ಸಾಲಿನ ತುದಿಯಲ್ಲಿ ಕೂತು ನೀರಿಗೆ ಕೈ ಇಳಿಬಿಟ್ಟಿದ್ದರು. "ಇದೇ ನೀರಾ ನಮ್ಮನೆ ನಲ್ಲಿಗ್ ಬರದು?" ಎಂದು ನನ್ನನ್ನು ಕೇಳಿದರು.

"ಹೂಂ ಅತ್ಗೆ. ನಾನು ನೋಡಿ ಸರಿ ಅಂದ್ ಮೇಲೆ."

"ಇಷ್ಟೊಂದ್ ನೀರಿಟ್ಕೊಂಡು ಎರಡ್ ದಿನಕ್ ಒಂದ್ಸಲ ಬಿಡ್ತೀರಾ" ಎಂದರು. ಹಿಂದಿನ ಸಾಲಿನವರು ನಕ್ಕರು. ನಾನು ಆನೆ ಬಂಡೆಯ ಕಡೆ ನೋಡಿದೆ.

ಹನ್ನೆರಡಕ್ಕೆ ಹತ್ತು ನಿಮಿಷವಿರುವಾಗ ಸಂಪಂಗಿ ಮೈಕನ್ನು ಕೆಳಗಿಟ್ಟ. ನಾನು ಇದಕ್ಕಾಗಿಯೇ ಕಾಯುತ್ತಿದ್ದೆ. ಹಿಂದಿನ ಎರಡು ಭಾನುವಾರ ನಾನೊಬ್ಬನೇ ಇದೇ ದೋಣಿಯಲ್ಲಿ ನೋಟ್‌ಬುಕ್ ಹಿಡಿದು ಬಂದು ಹೋಗಿದ್ದೆ. ನಡುಗಡ್ಡೆ ಕಾಣುವ ಹೊತ್ತಿಗೆ ಈತ ಗೈಡಿನ ದನಿಯನ್ನು ಬಿಟ್ಟು ಸೋದರಮಾವನ ದನಿ ತೆಗೆಯುತ್ತಾನೆ. ಸೀಟಿನಿಂದ ಸೀಟಿಗೆ ಹೋಗಿ, ಸ್ವಲ್ಪ ಬಾಗಿ, 'ಊಟ ಆಯ್ತಾ?' ಎನ್ನುತ್ತಾನೆ. ಊಟಕ್ಕೆಂದೇ ಟಿಕೆಟ್ ಕೊಂಡು ಕೂತವರು, ಮುಂದೆ ನಡುಗಡ್ಡೆಯ ಒಲೆಯ ಹೊಗೆ ಕಾಣುತ್ತಿರುವವರು, 'ಆಯ್ತು, ಆಯ್ತು, ನಿಮ್ದು?' ಎನ್ನುತ್ತಾರೆ. ಮೊದಲ ವಾರ ಹದಿಮೂರು ಜನ ಹೇಳಿದರು, ಎರಡನೆಯ ವಾರ ಹದಿನೈದು. ಸರಾಸರಿ ಹದಿನಾಲ್ಕು. ನಡುಗಡ್ಡೆಯಲ್ಲಿ ಅಡುಗೆ ಆಗುವುದು ಇಪ್ಪತ್ತೆಂಟು ಜನಕ್ಕೆ. ಎರಡೂ ಸಲ ಒಂದು ಸೌಟು ಕೂಡ ಉಳಿಯಲಿಲ್ಲ. ಅಷ್ಟು ನಿಖರವಾದ ಫಲಿತಾಂಶ ನಮ್ಮ ಪ್ರಯೋಗಾಲಯದಲ್ಲಿ ಬಂದದ್ದನ್ನು ನಾನು ಕಂಡಿಲ್ಲ.

ಆ ದಿನ ಅವನು ಮೊದಲು ಬಾಗಿದ್ದೇ ಅತ್ತಿಗೆಯ ಮುಂದೆ. "ಅಮ್ಮಾ, ಊಟ ಆಯ್ತಾ?"

ಅತ್ತಿಗೆಯ ತುಟಿ ತೆರೆಯಿತು. 'ಇ'ಗೆ ಬೇಕಾದ ಆಕಾರದಲ್ಲಿ ಅಲ್ಲ, 'ಆ'ಗೆ ಬೇಕಾದ ಆಕಾರದಲ್ಲಿ. ಒಂದು ವಾರದ ಅಭ್ಯಾಸ ಕರೆಂಟು, ಪೇಪರುಗಳಿಗೆ ಮಾತ್ರ ಅನ್ವಯಿಸುತ್ತಿತ್ತು. ನಾನು ಎದ್ದು ನಿಂತೆ. ದೋಣಿ ಒಂದು ಕಡೆಗೆ ವಾಲಿತು.

"ಯಾರೂ ಆಯ್ತು ಅನ್ಬೇಡಿ" ಎಂದೆ. "ಇವ್ರು ಇಪ್ಪತ್ತೆಂಟು ಜನಕ್ಕೆ ಮಾತ್ರ ಬೇಯಿಸಿರ್ತಾರೆ. ನಾನು ಎಣಿಸಿದ್ದೀನಿ." ನೋಟ್‌ಬುಕ್ ತೆರೆದು ದಿನಾಂಕ, ಸೀಟಿನ ಸಂಖ್ಯೆ, ಹೇಳಿದವರ ಸಂಖ್ಯೆ ಎಲ್ಲವನ್ನೂ ಓದಿದೆ.

"ಸಾರ್, ನಾನ್ ಮರ್ಯಾದೆಗೆ ಕೇಳಿದ್ದು" ಎಂದ ಸಂಪಂಗಿ. ಅವನ ಮುಖದಲ್ಲಿ ನಿಜವಾದ ನೋವಿತ್ತು. "ನೀವ್ ಯಾರನ್ನೂ ಕೇಳೇ ಇಲ್ವಾ?"

ಅಷ್ಟರಲ್ಲಿ ದೋಣಿಯಲ್ಲಿ ಗಲಾಟೆ ಎದ್ದಿತ್ತು. ಕಪ್ಪು ಕನ್ನಡಕದ ಯಜಮಾನರೊಬ್ಬರು, ಇದೇ ಕಾರಣಕ್ಕೆ ತಮ್ಮ ನಾದಿನಿಯ ಮದುವೆಯಲ್ಲಿ ಹೋಳಿಗೆ ಕಳೆದುಕೊಂಡದ್ದನ್ನು ಎಲ್ಲರಿಗೂ ಹೇಳಿದರು. ಎಲ್ಲರೂ ಸೇರಿ ಊಟ ಆಗಿಲ್ಲ, ಊಟ ಆಗಿಲ್ಲ ಎಂದು ಕೂಗಿದರು. ಕನ್ನಡಕದವರು ನನ್ನ ಕೈ ಕುಲುಕಿದರು. ನಮ್ಮೂರಿನ ಚರಿತ್ರೆಯಲ್ಲಿ ನಲವತ್ತು ಜನ ಒಟ್ಟಿಗೆ ಇಲ್ಲ ಎಂದದ್ದು ಅದೇ ಮೊದಲಿರಬೇಕು, ಅದಕ್ಕೆ ಕಾರಣ ನಾನು ಎಂದು ನನಗೆ ಎದೆ ಉಬ್ಬಿತು. ನಲವತ್ತೆರಡರಲ್ಲಿ ಇಪ್ಪತ್ತೆಂಟು ಕಳೆದರೆ ಎಷ್ಟು ಎಂಬುದು ಎದೆ ಉಬ್ಬಿದಾಗ ಹೊಳೆಯುವುದಿಲ್ಲ.

ನಡುಗಡ್ಡೆಯಲ್ಲಿ ನೋಡುವಂಥದ್ದು ಏನಿದೆ ಎಂದರೆ ಒಂದು ಹುಣಸೆ ಮರ, ಅದರ ಕೆಳಗೆ ಎರಡು ಸಿಮೆಂಟ್ ಬೆಂಚು, ಮತ್ತು ತಗಡಿನ ಚಪ್ಪರ. ದರ್ಶನ ಆರು ನಿಮಿಷದಲ್ಲಿ ಮುಗಿಯಿತು. ಅಡುಗೆಯ ಕರಿಗೌಡ ಹೆಗಲ ಮೇಲಿನ ಟವೆಲ್ಲಿನಲ್ಲಿ ಕೈ ಒರೆಸಿಕೊಳ್ಳುತ್ತ ಚಪ್ಪರದಿಂದ ಬಂದ.

"ಎಷ್ಟ್ ಎಲೆ ಹಾಕ್ಲಿ?" ಎಂದು ಸಂಪಂಗಿಯನ್ನು ಕೇಳಿದ.

"ನಲವತ್ತೆರಡು."

"ಎಲ್ರೂನಾ?"

"ಎಲ್ರೂನೂ." ಸಂಪಂಗಿ ನನ್ನ ಕಡೆ ಗಲ್ಲ ತಿರುಗಿಸಿ ತೋರಿಸಿದ. ಕರಿಗೌಡ ನನ್ನನ್ನು ಅಡಿಯಿಂದ ಮುಡಿಯ ತನಕ ನೋಡಿದ. ಅಡುಗೆಯವರು ಕೋಳಿಯನ್ನು ಹಾಗೆ ನೋಡುತ್ತಾರೆ.

ಚಪ್ಪರದಲ್ಲಿ ಒಂದು ಸಲಕ್ಕೆ ಇಪ್ಪತ್ತನಾಲ್ಕು ಜನ ಕೂರಬಹುದು. ಮೊದಲ ಪಂಕ್ತಿಯಲ್ಲಿ ಗಂಡಸರು ಮತ್ತು ಮಕ್ಕಳು ಕೂತರು. ಇದನ್ನು ಯಾರೂ ಹೇಳಲಿಲ್ಲ, ಯಾರೂ ಕೇಳಲಿಲ್ಲ. ನೀರು ತಗ್ಗಿಗೆ ಹರಿಯುವ ಹಾಗೆ ಆಯಿತು. ಅಣ್ಣ ಎಲ್ಲರಿಗಿಂತ ಮುಂಚೆ ಹೋಗಿ ಒಲೆಗೆ ಹತ್ತಿರದ ಎಲೆ ಹಿಡಿದ. "ಲೋ ನಂಜ, ಬಾರೋ" ಎಂದು ಕರೆದ. ನಾನು ಅತ್ತಿಗೆಯ ಜೊತೆ ಕೂರುತ್ತೇನೆ ಎಂದೆ. ಅವರನ್ನು ಹದಿನಾರು ಹೆಂಗಸರ ಮಧ್ಯೆ ಕಾವಲಿಲ್ಲದೆ ಬಿಡುವಂತಿರಲಿಲ್ಲ. ಆ ಹದಿನಾರರಲ್ಲಿ ಒಬ್ಬೊಬ್ಬರೂ ನನ್ನಷ್ಟೇ ಸಂಸ್ಕಾರವಂತರು.

ಮುದ್ದೆ, ಗೆಂಡೆ ಮೀನಿನ ಸಾರು, ಹುರಿದ ತುಂಡು, ಅನ್ನ. ವಾಸನೆಯ ಬಗ್ಗೆ ಬರೆಯಬಾರದು ಎಂದುಕೊಂಡಿದ್ದೆ. ಹುಣಸೆ ಮರದ ಕೆಳಗೆ ನಿಂತಿದ್ದ ನಾವು ಹದಿನೆಂಟು ಜನವೂ ಮಾತು ನಿಲ್ಲಿಸಿದ್ದೆವು, ಅಷ್ಟು ಹೇಳಿದರೆ ಸಾಕು. ಅತ್ತಿಗೆ ಮೂಗು ಎತ್ತಿ ಗಾಳಿಯನ್ನು ಎಳೆದುಕೊಂಡರು. "ಮೆಂತ್ಯ ಹುರ್ದು ಹಾಕವ್ನೆ" ಎಂದರು. ಅವರಿಗೆ ಇಷ್ಟು ವರ್ಷ ಉಳಿದುಕೊಂಡಿದ್ದದ್ದು ಮೂಗು ಒಂದೇ.

ಗಂಡಸರು ಉಂಡರು. ಕಪ್ಪು ಕನ್ನಡಕದವರು ಎರಡನೆಯ ಸಲ ಸಾರು ಹಾಕಿಸಿಕೊಂಡು, ಹೋರಾಡಿ ಪಡೆದ ಊಟದ ರುಚಿಯೇ ಬೇರೆ ಎಂದರು. ಅಣ್ಣ ಮೂರನೆಯ ತುಂಡು ಕೇಳಿದ. ಅವರೆಲ್ಲ ಎದ್ದು, ಕೈ ತೊಳೆದು, ಹುಣಸೆ ಮರದ ಬೆಂಚುಗಳ ಮೇಲೆ ಒರಗಿದ ಮೇಲೆ ಕರಿಗೌಡ ಪಾತ್ರೆಗಳನ್ನು ಒಂದೊಂದಾಗಿ ಬಗ್ಗಿಸಿ ನೋಡಿದ.

"ಮೂರು ಎಲೆಗ್ ಆಯ್ತದೆ" ಎಂದ.

ಹೆಂಗಸರು ಒಬ್ಬರ ಮುಖ ಒಬ್ಬರು ನೋಡಿದರು. ಯಾರೂ ಸಂಪಂಗಿಯನ್ನು ಬೈಯಲಿಲ್ಲ, ಕರಿಗೌಡನನ್ನು ಬೈಯಲಿಲ್ಲ. ಬೈಯಬೇಕಾದರೆ ಗಂಡಸರ ಗಲಾಟೆ ಜೊತೆಗಿರಬೇಕಾಗಿತ್ತು, ಆ ಗಂಡಸರಿಗೆ ಈಗ ನಿದ್ದೆ ಬರುತ್ತಿತ್ತು. ರೇಷ್ಮೆ ಸೀರೆಯವರೊಬ್ಬರು ಪಕ್ಕದವರ ಕೈ ಹಿಡಿದು, "ನಿಮ್ದು ಊಟ ಆಯ್ತಾ?" ಎಂದರು.

"ನಂದು ಆಯ್ತು. ನೀವ್ ಮಾಡಿ" ಎಂದು ಅವರು ಹೊಟ್ಟೆಯ ಮೇಲೆ ಕೈ ಇಟ್ಟುಕೊಂಡರು. "ನಿಮ್ದು?"

"ನಂದೂ ಆಯ್ತು."

ಅಲ್ಲಿಂದ ಅದು ಸಾಲಿನುದ್ದಕ್ಕೂ ಹೋಯಿತು. ಆಯ್ತು, ನಿಮ್ದು, ಆಯ್ತು, ನೀವ್ ಮಾಡಿ, ನಂದಾಗ್ಲೇ ಆಯ್ತು. ಹೇಳಿದವರು ಹೇಳಿದ ಹಾಗೆ ಸಾಲು ಬಿಟ್ಟು ನೆರಳಿಗೆ ಹೋಗುತ್ತಿದ್ದರು. ಎರಡು ನಿಮಿಷ ನಲವತ್ತು ಸೆಕೆಂಡಿನಲ್ಲಿ ಹದಿನಾಲ್ಕು ಹೆಂಗಸರ ಊಟ ಆಯಿತು. ಸಂಪಂಗಿಗೆ ಹಾಗೆ ಮಾಡಲು ಅರ್ಧ ಗಂಟೆ ಬೇಕಾಗುತ್ತಿತ್ತು. ಹದಿನಾಲ್ಕು, ಮತ್ತೆ. ಸರಾಸರಿ ಕದಲಿರಲಿಲ್ಲ.

ಉಳಿದವರು ನಾಲ್ವರು. ಒಬ್ಬರು ಕಿವಿ ಕೇಳದ ಅಜ್ಜಿ. ಅವರನ್ನು ಮೂವರು ಕೇಳಿದ್ದರು, ಅವರು ಮೂವರಿಗೂ ನಕ್ಕು ಸುಮ್ಮನಾಗಿದ್ದರು. ಇನ್ನೊಬ್ಬರು ವಕೀಲರ ಹೆಂಡತಿ. ಅವರ ಬಗ್ಗೆ ಹೇಳಬೇಕಾಗಿಲ್ಲ. ಆಮೇಲೆ ಅತ್ತಿಗೆ ಮತ್ತು ನಾನು. ರೇಷ್ಮೆ ಸೀರೆಯವರು ನೆರಳಿನಿಂದಲೇ ಕೂಗಿದರು: "ಅಕ್ಕಾ, ನಿಮ್ದು ಆಯ್ತಾ?"

ನಾನು ಕೆಮ್ಮಿದೆ. ಅತ್ತಿಗೆ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಂಡರು. ಸುತ್ತಿ, ಬಿಚ್ಚಿ, ಮತ್ತೆ ಸುತ್ತಿದರು.

"ಇಲ್ಲ" ಎಂದರು.

ದನಿ ಎಷ್ಟು ಸಣ್ಣದಾಗಿತ್ತೆಂದರೆ, ಕೇಳಿಸಿದ್ದಕ್ಕಿಂತ ಹೆಚ್ಚಾಗಿ ಕಾಣಿಸಿತು. ಆದರೂ ಹೆಂಗಸರೆಲ್ಲ ತಿರುಗಿದರು. ಅಜ್ಜಿ ಮತ್ತು ವಕೀಲರ ಹೆಂಡತಿ ಅಷ್ಟರಲ್ಲಿ ಎಲೆಯ ಮುಂದೆ ಕೂತಾಗಿತ್ತು. ಒಂದು ಎಲೆ ಉಳಿದಿತ್ತು. ಕರಿಗೌಡ ಅದರ ಮೇಲೆ ಮುದ್ದೆ ಇಟ್ಟು, ಸಾರು ಬಿಟ್ಟು, ಮೀನಿನ ಕೊನೆಯ ತುಂಡನ್ನು ಬಡಿಸಿ, "ಬನ್ನಿ ಯಾರಾದ್ರೂ ಒಬ್ರು" ಎಂದ.

ಅಣ್ಣ ಬೆಂಚಿನ ಮೇಲೆ ಮಲಗಿದ್ದಲ್ಲಿಂದಲೇ ಕಣ್ಣು ತೆರೆದ. "ಏ ತಾಯಿ, ನೀನೇನ್ ಊಟಕ್ ಬಾಯ್ಬಿಡೋಳಲ್ಲ. ಆಯ್ತು ಅಂದ್ಬುಡು. ನಂಜ ಬೆಳಗಿಂದ ಹಸ್ಕೊಂಡವ್ನೆ, ಅವ್ನ್ ಕೂತ್ಕಳ್ಲಿ."

ಅವನು ಹೇಳಿದ್ದರಲ್ಲಿ ಸುಳ್ಳೇನೂ ಇರಲಿಲ್ಲ. ನಾನು ಬೆಳಗ್ಗೆ ಏಳಕ್ಕೆ ಎರಡು ಇಡ್ಲಿ ತಿಂದವನು. ಅತ್ತಿಗೆಗಾಗಿ ಇಷ್ಟೆಲ್ಲ ಮಾಡಿದವನು ಆ ಎಲೆಯನ್ನು ನೋಡಿದ ಕೂಡಲೇ 'ನೀವು ಕೂತ್ಕೊಳ್ಳಿ' ಎಂದಿರಬೇಕು ಎಂದು ನೀವು ಭಾವಿಸುತ್ತೀರಿ. ನಾನು ಹಾಗೆ ಹೇಳಲಿಲ್ಲ. ಅರ್ಧರ್ಧ ಹಂಚಿಕೊಳ್ಳುವುದು ನ್ಯಾಯ, ಮೀನಿನ ತುಂಡನ್ನು ಉದ್ದಕ್ಕೆ ಸೀಳಿದರೆ ಸಮನಾಗುತ್ತದೋ ಅಡ್ಡಕ್ಕೆ ಸೀಳಿದರೋ ಎಂದು ಯೋಚಿಸುತ್ತಿದ್ದೆ. ಮುಳ್ಳು ಇರುವ ಕಡೆಯನ್ನು ಯಾರು ತೆಗೆದುಕೊಳ್ಳಬೇಕು ಎಂಬ ತನಕ ಬಂದಿದ್ದೆ.

ಅತ್ತಿಗೆ ಅಣ್ಣನನ್ನು ನೋಡಿದರು. ಎಲೆಯನ್ನು ನೋಡಿದರು. ಆಮೇಲೆ ನನ್ನ ಕಡೆ ತಿರುಗಿ, ತಲೆಯನ್ನು ಸ್ವಲ್ಪ ಓರೆ ಮಾಡಿ, ತುಂಬಾ ಮೃದುವಾಗಿ ಕೇಳಿದರು:

"ನಂಜ, ನಿಂದು ಊಟ ಆಯ್ತೇನಪ್ಪ?"

ನಲವತ್ತು ವರ್ಷದಲ್ಲಿ ಅವರು ನನ್ನನ್ನು ಈ ಮಾತು ಕೇಳಿದ್ದು ಅದೇ ಮೊದಲು. ದಿನಾ ಬಡಿಸುವವರು ಕೇಳಬೇಕಾಗಿರಲಿಲ್ಲ.

"ಆಯ್ತು ಅತ್ಗೆ" ಎಂದೆ.

ಇದನ್ನು ತ್ಯಾಗ ಎಂದು ಬರೆದುಕೊಳ್ಳಬಹುದಾಗಿತ್ತು. ಊರಲ್ಲಿ ಕೆಲವರು ಈಗಲೂ ಹಾಗೆಂದೇ ನಂಬಿದ್ದಾರೆ, ನಾನೂ ತಿದ್ದಲು ಹೋಗಿಲ್ಲ. ಆದರೆ ದಾಖಲೆ ಸರಿಯಾಗಿರಬೇಕು. ನಾನು ಯೋಚಿಸಲಿಲ್ಲ. ಹಿರಿಯರು ಪ್ರೀತಿಯಿಂದ ಕೇಳಿದರು, ಬಾಯಿ ಹೇಳಿತು. ಮರುಕ್ಷಣ ಮುನ್ನೂರ ಎಂಬತ್ತು ಗ್ರಾಂ ಭಾರ ಹೊಟ್ಟೆಯಲ್ಲಿ ಬಂದು ಕೂತಿತು. ಅದರಲ್ಲಿ ಮುದ್ದೆ ಎಷ್ಟು, ಮೀನು ಎಷ್ಟು ಎಂದು ತಿಳಿಯುವ ದಾರಿ ಇರಲಿಲ್ಲ. ನಾಲಿಗೆ ಒಣಗಿಯೇ ಇತ್ತು.

ಅತ್ತಿಗೆ ನನ್ನ ಮುಖ ನೋಡಿದರು, ಹೊಟ್ಟೆ ನೋಡಿದರು. "ಸರಿ ಹಂಗಾದ್ರೆ" ಎಂದು ಸೆರಗು ಸಿಕ್ಕಿಸಿಕೊಂಡು ಎಲೆಯ ಮುಂದೆ ಕೂತರು. ಗೊತ್ತಿಲ್ಲದೆ ಕೇಳಿದರೇನೋ ಎಂದು ನಾನು ಅನುಮಾನಿಸಬೇಕಾಗಿಲ್ಲ. ಕೂರುವಾಗ ಅವರು ತುಟಿಯನ್ನು ಹಲ್ಲಿನಲ್ಲಿ ಒತ್ತಿ ನಗುವನ್ನು ಹಿಡಿದುಕೊಂಡಿದ್ದರು.

ಮೊದಲ ತುತ್ತನ್ನು ಅವರು ಬಾಯಲ್ಲಿಟ್ಟುಕೊಂಡು ಸುಮ್ಮನೆ ಕೂತರು. ಏನಾದರೂ ಆಗಬಹುದು, ಅಳು ಬರಬಹುದು ಎಂದು ನಾನು ಸಿದ್ಧನಾಗಿ ನಿಂತಿದ್ದೆ. ಆದದ್ದೆಂದರೆ ಮುಳ್ಳು. ಗೆಂಡೆ ಮೀನಿನ ತುಂಬ ಕವಲು ಮುಳ್ಳುಗಳಿರುತ್ತವೆ. ಈ ಕೈಗಳು ಎಷ್ಟು ಸಾವಿರ ಮೀನಿನ ಪೊರೆ ತೆಗೆದು ಸೀಳಿವೆಯೋ. ಮುಳ್ಳು ಎಲ್ಲೆಲ್ಲಿ ಇರುತ್ತದೆ ಎಂದು ಆ ಬೆರಳುಗಳಿಗೆ ಗೊತ್ತು. ನಾಲಿಗೆಗೆ ಗೊತ್ತಿರಲಿಲ್ಲ. ಅವರು ಕಣ್ಣು ಮುಚ್ಚಿ ನಾಲಿಗೆಯಿಂದ ಹುಡುಕಿ, ಒಂದು ಮುಳ್ಳನ್ನು ತುಟಿಯ ತನಕ ತಂದು, ಎರಡು ಬೆರಳಲ್ಲಿ ಹಿಡಿದು ಎಳೆದು, ಬೆಳಕಿಗೆ ಎತ್ತಿ ನೋಡಿ, ಎಲೆಯ ಅಂಚಿಗೆ ಇಟ್ಟರು. ಆಮೇಲೆ ಎರಡನೆಯದು. ಅಜ್ಜಿ ಮುಗಿಸಿ ಎದ್ದರು. ವಕೀಲರ ಹೆಂಡತಿ ಎದ್ದರು. ಅತ್ತಿಗೆಯ ಎಲೆಯ ಅಂಚಿನಲ್ಲಿ ಆರು ಮುಳ್ಳುಗಳು ಸಾಲಾಗಿ ಮಲಗಿದ್ದವು, ಮುದ್ದೆ ಮುಕ್ಕಾಲು ಉಳಿದಿತ್ತು.

ಎರಡೂವರೆಗೆ ವಾಪಸು ಹೊರಡಬೇಕಾಗಿತ್ತು. ಜನರೆಲ್ಲ ಹೋಗಿ ದೋಣಿಯಲ್ಲಿ ಕೂತರು. ಇಂಜಿನ್ ಶುರುವಾಯಿತು. ಅಣ್ಣ ಕೈಗಡಿಯಾರ ನೋಡಿಕೊಂಡು ದಂಡೆಯಲ್ಲಿ ನಿಂತಿದ್ದ. "ಹದಿನೆಂಟ್ ನಿಮಿಷ ಲೇಟು ಕಣೇ. ಎಲ್ರೂ ನಿಂಗೋಸ್ಕರ ಕಾಯ್ತಾವ್ರೆ."

ಅತ್ತಿಗೆ ಏಳನೆಯ ಮುಳ್ಳನ್ನು ತೆಗೆಯುತ್ತಿದ್ದರು.

"ಊಟ ಮಾಡದು ಇಷ್ಟೊತ್ತಾ? ನಾನು ಹತ್ ನಿಮಿಷಕ್ಕೆ ಎದ್ದೆ."

"ನಿಮ್ಗೆ ರೂಢಿ ಅದೆ" ಎಂದರು ಅತ್ತಿಗೆ, ಬಾಯಿ ತುಂಬ ಇಟ್ಟುಕೊಂಡೇ.

ಇನ್ನೂ ಹತ್ತು ನಿಮಿಷ ಕಳೆಯಿತು. ಸಂಪಂಗಿ ಬುದ್ಧಿವಂತ. ದೋಣಿಯ ತುದಿಯಲ್ಲಿ ನಿಂತು ಮೈಕು ಕೈಗೆತ್ತಿಕೊಂಡ. ಅವನ ಸೋದರಮಾವನ ದನಿ ನೀರಿನ ಮೇಲೆ ಹಾದು ಚಪ್ಪರದ ತಗಡಿಗೆ ಬಡಿದು ನಡುಗಡ್ಡೆಯ ತುಂಬ ಹರಡಿತು: "ಅಮ್ಮಾ... ಊಟ ಆಯ್ತಾ?"

ದೋಣಿಯಲ್ಲಿದ್ದ ಎಲ್ಲರೂ ಇತ್ತ ತಿರುಗಿದರು. ಆಯ್ತು ಎಂಬ ಒಂದು ಮಾತು ಬಿದ್ದರೆ ಸಾಕು, ಎಲೆಯ ಮೇಲೆ ಉಳಿದದ್ದು ಅಲ್ಲೇ ಉಳಿಯುತ್ತಿತ್ತು, ಎಲ್ಲರೂ ನಾಲ್ಕಕ್ಕೆ ಮನೆ ಸೇರುತ್ತಿದ್ದರು. ಮಧ್ಯಾಹ್ನ ಹೋರಾಟ ಮಾಡಿದ್ದ ಕಪ್ಪು ಕನ್ನಡಕದವರೇ "ಆಯ್ತು ಅನ್ನಿಸ್ರೀ" ಎಂದು ನನಗೆ ಕೈಸನ್ನೆ ಮಾಡಿದರು. ನಾನು ಕೆಮ್ಮಲು ಗಂಟಲು ಸರಿ ಮಾಡಿಕೊಂಡೆ. ಬೇಕಾಗಲಿಲ್ಲ.

"ಇಲ್ಲ ಕಣಪ್ಪೋ" ಎಂದು ಅತ್ತಿಗೆ ಕೂಗಿದರು. ಮೈಕಿನ ಸಹಾಯವಿಲ್ಲದೆ ಅದು ದೋಣಿಯ ಹಿಂದಿನ ಸೀಟಿನ ತನಕ ಹೋಯಿತು. ಒಣಮರದ ಮೇಲಿನ ನೀರುಕಾಗೆಯೊಂದು ಎದ್ದು ಹಾರಿತು. "ಇನ್ನೂ ಆಗಿಲ್ಲ."

ಕರಿಗೌಡ ಅಷ್ಟು ಹೊತ್ತೂ ಒಲೆಯ ಪಕ್ಕ ಕುಕ್ಕರಗಾಲಲ್ಲಿ ಕೂತು ಅವರು ತಿನ್ನುವುದನ್ನೇ ನೋಡುತ್ತಿದ್ದ. ಇಷ್ಟು ವರ್ಷದಲ್ಲಿ ಅವನ ಅಡುಗೆಯನ್ನು ಇಷ್ಟು ನಿಧಾನವಾಗಿ ಯಾರೂ ತಿಂದಿರಲಿಲ್ಲವೇನೋ. ಈಗ ಹತ್ತಿರ ಬಂದು, ಸ್ವಲ್ಪ ಹಿಂಜರಿಯುತ್ತ, "ಹೆಂಗದೆ ಅವ್ವ ಸಾರು?" ಎಂದ.

ಅತ್ತಿಗೆ ಬೆರಳು ಚೀಪಿದರು. ಮೇಲೆ ನೋಡಿದರು. ದಂಡೆಯಲ್ಲಿ ಅಣ್ಣ ಮತ್ತೆ ಗಡಿಯಾರ ನೋಡಿಕೊಂಡ.

"ಹುಳಿ ಒಂಚೂರು ಮುಂದಾಗದೇನೋ ಅನ್ನಿಸ್ತದೆ" ಎಂದರು ಕೊನೆಗೆ. "ಆದ್ರೆ ಒಂದ್ ತುಂಡ್ನಲ್ಲಿ ಹೆಂಗಪ್ಪ ಹೇಳದು. ಇನ್ನೊಂದ್ ಇದ್ರೆ ಹಾಕು, ನೋಡನ."

ಕರಿಗೌಡ ತನಗೆಂದು ಮುಚ್ಚಿಟ್ಟುಕೊಂಡಿದ್ದ ತುಂಡನ್ನು ತರಲು ಎದ್ದು ಹೋದ. ದೋಣಿಯವನು ಇಂಜಿನ್ ಆರಿಸಿದ.